ಗಾಬ್ಲಿನ್‌ಗಳ ಪಾದ ಯಾಕೆ ಮೆತ್ತಗಿತ್ತು? ವಿಕ್ಟೋರಿಯಾ ರಾಣಿ ಕಾಲದ ಮಕ್ಕಳ ಕತೆಗಳಿಂದ ಯಾರ್ಯಾರು ಏನೇನು ಎತ್ಕೊಂಡ್ರು

1954ರಲ್ಲಿ ಲಾರ್ಡ್ ಆಫ್ ದಿ ರಿಂಗ್ಸ್ ಬರೆದ ಟೋಲ್ಕಿನ್ ಒಂದು ಪತ್ರದಲ್ಲಿ ತನ್ನ ಆರ್ಕ್‌ಗಳ (ಅವನ ಕತೆಯ ದುಷ್ಟ ಜೀವಿಗಳು) ಬಗ್ಗೆ ಬರೀತಾ ಒಂದು ಮಜಾ ವಿಷ್ಯ ಒಪ್ಕೊಳ್ತಾನೆ. ಈ ಆರ್ಕ್‌ಗಳು ಹಳೇ ಗಾಬ್ಲಿನ್ (ಇಂಗ್ಲಿಷ್ ಕತೆಗಳ ಕುರೂಪಿ ಪಿಶಾಚಿ) ಕತೆಗಳಿಂದ ಬಂದಿರೋದು ನಿಜ, ಅದರಲ್ಲೂ ಜಾರ್ಜ್ ಮ್ಯಾಕ್‌ಡೊನಾಲ್ಡ್ ಬರೆದ ಗಾಬ್ಲಿನ್‌ಗಳ ಋಣ ಇದೆ, ಆದ್ರೆ ಆ ಮೆತ್ತನೆ ಪಾದದ ವಿಷ್ಯ ಮಾತ್ರ ನಾನು ಯಾವತ್ತೂ ನಂಬಿದವನಲ್ಲ ಅಂತ. ಲಾರ್ಡ್ ಆಫ್ ದಿ ರಿಂಗ್ಸ್ ಓದ್ಕೊಂಡು, ಸಿನಿಮಾ ಮೂರೂ ಮೂರ್ಮೂರು ಸಲ ನೋಡ್ಕೊಂಡು ಬೆಳೆದ ನನಗೆ ಈ ಪಾದದ ಕತೆ ಏನು ಅಂತ ಬಹಳ ದಿನ ಗೊತ್ತಿರ್ಲಿಲ್ಲ. ಹುಡುಕ್ಕೊಂಡು ಹೋದ್ರೆ ಸಿಕ್ಕಿದ್ದು 1872ರ ಒಂದು ಮಕ್ಕಳ ಪುಸ್ತಕ, ದಿ ಪ್ರಿನ್ಸೆಸ್ ಆಂಡ್ ದಿ ಗಾಬ್ಲಿನ್.

ಅದರಲ್ಲಿ ಬೆಟ್ಟದ ಮೇಲೆ ಒಂದು ದೊಡ್ಡ ಮನೆ, ಅಲ್ಲಿ ಐರೀನ್ ಅನ್ನೋ ಎಂಟು ವರ್ಷದ ರಾಜಕುಮಾರಿ, ಬೆಟ್ಟದ ಒಳಗೆ ಗಣಿ, ಗಣಿಯಲ್ಲಿ ಕೆಲಸ ಮಾಡೋ ಕರ್ಡಿ ಅನ್ನೋ ಹುಡುಗ, ಗಣಿಗೂ ಕೆಳಗೆ ಗಾಬ್ಲಿನ್‌ಗಳು. ಇವು ಒಂದು ಕಾಲದಲ್ಲಿ ಎಲ್ಲರ ಥರ ಮೇಲೇ ಇದ್ವಂತೆ, ರಾಜ ಕಂದಾಯ ಜಾಸ್ತಿ ಮಾಡ್ದ ಅಂತ ಸಿಟ್ಟು ಮಾಡ್ಕೊಂಡು ನೆಲದೊಳಗೆ ಇಳಿದುಬಿಟ್ವಂತೆ (ಯಾರಿಗಾದ್ರೂ ಅರ್ಥ ಆಗೋ ಕಾರಣ ಬಿಡಿ). ತಲೆಮಾರುಗಟ್ಟಲೆ ಕತ್ತಲಲ್ಲಿದ್ದು ಮೈ ವಕ್ರ ಆಗಿದೆ, ತಲೆ ಮಾತ್ರ ಬಂಡೆ ಥರ ಗಟ್ಟಿ, ದೊಣ್ಣೆಯಿಂದ ಹೊಡೆದ್ರೂ ಏನೂ ಆಗಲ್ಲ, ಆದ್ರೆ ಪಾದ ಮೆತ್ತಗೆ, ಬೆರಳೇ ಇಲ್ಲ. ಅದಕ್ಕೇ ಕರ್ಡಿ ಅವು ಅಡ್ಡ ಬಂದಾಗ ತಲೆಗೆ ಕೈ ಹಾಕಲ್ಲ, ಕಾಲು ತುಳೀತಾನೆ, ತುಳೀತಾ ಜೋರಾಗಿ ಪದ್ಯ ಹೇಳ್ತಾನೆ ಯಾಕಂದ್ರೆ ಅವುಕ್ಕೆ ಪ್ರಾಸ ಅಂದ್ರೆ ಆಗಲ್ಲ. ಗಾಬ್ಲಿನ್ ರಾಣಿ ಒಬ್ಳೇ ಬುದ್ಧಿವಂತೆ, ಕಲ್ಲಿನ ಶೂ ಹಾಕ್ಕೊಂಡಿರ್ತಾಳೆ. ಟೋಲ್ಕಿನ್ ಹುಡುಗನಾಗಿದ್ದಾಗ ಈ ಕರ್ಡಿ ಕತೆಗಳು ಅಂದ್ರೆ ಪ್ರಾಣ, ಆಮೇಲೆ ದಿ ಹಾಬಿಟ್ ಬರೆಯುವಾಗ ಬೆಟ್ಟ, ಸುರಂಗ, ಕತ್ತಲು, ಕೆಟ್ಟ ಬುದ್ಧಿಯ ಗಾಬ್ಲಿನ್ ಎಲ್ಲಾ ಹಾಗೇ ಬಂತು, ಪಾದವನ್ನ ಮಾತ್ರ ಆಚೆ ಬಿಟ್ಟ. ಒಬ್ಬ ಲೇಖಕನ ಮೇಲೆ ಇನ್ನೊಬ್ಬನ ಪ್ರಭಾವ ಅಂತ ಪುಸ್ತಕಗಳಲ್ಲಿ ದೊಡ್ಡದಾಗಿ ಬರೀತಾರಲ್ಲ, ಅದು ನಡೆಯೋದು ಹೆಚ್ಚುಕಮ್ಮಿ ಹೀಗೇ: ಅರ್ಧ ತಗೊಳ್ತಾರೆ, ಇನ್ನರ್ಧಕ್ಕೆ ಜಗಳ ಆಡ್ತಾರೆ, ಆ ಜಗಳದಿಂದಲೇ ಹೊಸ ಪುಸ್ತಕ ಹುಟ್ಟುತ್ತೆ.

ಮ್ಯಾಕ್‌ಡೊನಾಲ್ಡ್ (1824–1905) ಸ್ಕಾಟ್ಲೆಂಡಿನ ಹಂಟ್ಲಿ ಊರಿನವನು. ಮೊದಲು ಇಂಗ್ಲೆಂಡಿನ ಅರುಂಡೆಲ್‌ನಲ್ಲಿ ಪಾದ್ರಿ ಆಗಿದ್ದ, ಆದ್ರೆ ದೇವರು ಎಲ್ಲರನ್ನೂ ಕಾಪಾಡ್ತಾನೆ, ನಮ್ಮ ಧರ್ಮ ಗೊತ್ತಿಲ್ಲದವರನ್ನೂ ಕೂಡ, ಅನ್ನೋ ಥರ ಮಾತಾಡಿದ್ದಕ್ಕೆ ಸಭೆಯವರು ಸಂಬಳ ಕಡಿಮೆ ಮಾಡಿದ್ರು, 1853ರಲ್ಲಿ ಕೆಲಸಾನೇ ಬಿಟ್ಟ. ಹನ್ನೊಂದು ಮಕ್ಕಳು, ಹೊಟ್ಟೆಪಾಡಿಗೆ ಬರೆಯೋದು. ಚರ್ಚಲ್ಲಿ ಹೇಳಕ್ಕಾಗದೆ ಇದ್ದದ್ದನ್ನೆಲ್ಲ ಕತೇಲಿ ಹೇಳ್ದ ಅಂತ ನನಗನ್ಸುತ್ತೆ. ಐರೀನ್‌ಗೆ ಮನೆ ಮೇಲಿನ ಗೋಪುರದಲ್ಲಿ ಒಬ್ಳು ಮುತ್ತಜ್ಜಿ ಸಿಗ್ತಾಳೆ, ನೂಲು ತೆಗೀತಾ ಕೂತಿರ್ತಾಳೆ. ಆ ನೂಲು ಕಣ್ಣಿಗೆ ಕಾಣೋದೇ ಕಷ್ಟ, ಬೆರಳಿಗೆ ಮಾತ್ರ ತಗಲುತ್ತೆ, ಅದನ್ನೇ ಹಿಡ್ಕೊಂಡು ಐರೀನ್ ಗಣಿಯೊಳಗೆ ಹೋಗಿ ಕರ್ಡಿಯನ್ನ ಬಿಡಿಸ್ಕೊಂಡು ಬರ್ತಾಳೆ. ಅವನನ್ನ ಅಜ್ಜಿ ಹತ್ರ ಕರ್ಕೊಂಡು ಹೋದ್ರೆ ಅವನಿಗೆ ಅಜ್ಜಿ ಕಾಣಲ್ಲ, ಒಂದು ರಾಶಿ ಒಣಹುಲ್ಲು, ಬಾಡಿದ ಸೇಬು ಅಷ್ಟೇ ಕಾಣುತ್ತೆ. ಇಂಗ್ಲಿಷ್ ಲೇಖಕ ಚೆಸ್ಟರ್‌ಟನ್ ಈ ಪುಸ್ತಕದಿಂದ ತನ್ನ ಬದುಕೇ ಬೇರೆ ಆಯ್ತು ಅಂತ ಬರೆದಿದ್ದ, ಅವನಿಗೆ ಹಿಡಿಸಿದ್ದು ಆ ಮನೇನೇ. ಬೇರೆ ಕತೆಗಳಲ್ಲಿ ಒಳ್ಳೇದು ಕೆಟ್ಟದ್ದು ಎಲ್ಲಾ ಏಳು ಸಮುದ್ರದಾಚೆ ಇರುತ್ತೆ, ಇಲ್ಲಿ ಅಜ್ಜಿ ಮಹಡಿ ಮೇಲಿದಾಳೆ, ಗಾಬ್ಲಿನ್ ನೆಲದ ಕೆಳಗೇ ಕೊರೀತಾ ಇದಾವೆ.

ಸರಿ, ಇದರಲ್ಲಿ ಅಂಥ ಹೊಸದೇನು ಅನ್ನಬಹುದು. ಅಜ್ಜಿ, ರಾಕ್ಷಸ, ರಾಜಕುಮಾರಿ ಎಲ್ಲಾ ದೇಶದಲ್ಲೂ ಇದ್ದದ್ದೇ ಅಲ್ವಾ? ಇದ್ದದ್ದೇ, ಆದ್ರೆ ಆಗಿನ ಇಂಗ್ಲೆಂಡಲ್ಲಿ ಮಕ್ಕಳ ಕೈಗೆ ಕೊಡ್ತಿದ್ದ ಪುಸ್ತಕ ಎಂಥವು ಅಂತ ನೋಡಿದ್ರೆ ಗೊತ್ತಾಗುತ್ತೆ. ಮಿಸೆಸ್ ಶೆರ್‌ವುಡ್ ಅವರ ಫೇರ್‌ಚೈಲ್ಡ್ ಫ್ಯಾಮಿಲಿ ಅಂತ 1818ರದ್ದು ಒಂದು ಪುಸ್ತಕ, ಅದರಲ್ಲಿ ಅಣ್ಣತಂಗೀರು ಜಗಳ ಆಡಿದ್ರು ಅಂತ ಅಪ್ಪ ಬುದ್ಧಿ ಕಲಿಸಕ್ಕೆ ಎಲ್ಲಿಗೆ ಕರ್ಕೊಂಡು ಹೋಗ್ತಾನೆ ಗೊತ್ತಾ, ನೇಣುಗಂಬದಲ್ಲಿ ನೇತಾಡ್ತಿರೋ ಹೆಣ ತೋರ್ಸಕ್ಕೆ! ಯಕ್ಷಿಣಿ ಕತೆ ಅಂದ್ರೆ ಸುಳ್ಳು, ಸುಳ್ಳು ಮಕ್ಕಳಿಗೆ ಒಳ್ಳೇದಲ್ಲ ಅಂತ ಒಂದು ಗುಂಪು. ನಿಧಾನಕ್ಕೆ ಇದು ಸಡಿಲ ಆಯ್ತು. 1823ರಲ್ಲಿ ಗ್ರಿಮ್ ಅಣ್ಣತಮ್ಮಂದಿರ ಕತೆಗಳು ಇಂಗ್ಲಿಷಿಗೆ ಬಂದ್ವು, 1846ರಲ್ಲಿ ಆಂಡರ್ಸನ್ ಬಂದ, 1861ರಲ್ಲಿ ಕಾಗದದ ಮೇಲಿನ ಸುಂಕ ತೆಗೆದ್ರು, 1870ರ ಶಿಕ್ಷಣ ಕಾಯ್ದೆಯಿಂದ ಓದೋ ಮಕ್ಕಳೂ ಜಾಸ್ತಿ ಆದ್ರು, ಮಕ್ಕಳಿಗೇ ಅಂತ ಪತ್ರಿಕೆಗಳು ಶುರುವಾದ್ವು, ಅಂಥದ್ದೊಂದಕ್ಕೆ ಮ್ಯಾಕ್‌ಡೊನಾಲ್ಡೇ ಕೆಲವು ವರ್ಷ ಸಂಪಾದಕ. ಮಧ್ಯದಲ್ಲಿ 1859ಕ್ಕೆ ಡಾರ್ವಿನ್ ಬೇರೆ ಬಂದು ಎಲ್ಲರ ನಂಬಿಕೆ ಅಲ್ಲಾಡ್ಸಿಬಿಟ್ಟಿದ್ದ. ಈ ಹೊಸ ಕತೆಗಳನ್ನ ಬರೆದವರಲ್ಲಿ ಮೂರು ದೊಡ್ಡ ಹೆಸರು, ಮ್ಯಾಕ್‌ಡೊನಾಲ್ಡ್, ಚಾರ್ಲ್ಸ್ ಕಿಂಗ್ಸ್ಲಿ, ಲೂಯಿಸ್ ಕ್ಯಾರಲ್, ಮೂವರೂ ಚರ್ಚಿನವರೇ ಅನ್ನೋದು ಸುಮ್ನೆ ಕಾಕತಾಳೀಯ ಅಂತ ನನಗನ್ಸಲ್ಲ. ಕಿಂಗ್ಸ್ಲಿಯ ದಿ ವಾಟರ್ ಬೇಬೀಸ್ (1863) ಚಿಮಣಿ ಗುಡಿಸೋ ಹುಡುಗನೊಬ್ಬ ನೀರಿಗೆ ಬಿದ್ದು ನೀರುಮಗು ಆಗೋ ಕತೆ, ಡಾರ್ವಿನ್ ಬಗ್ಗೆ ತಮಾಷೆ ಎಲ್ಲಾ ಇದೆ, ಆದ್ರೆ ಪುಟಪುಟಕ್ಕೂ ಉಪದೇಶ, ಇವತ್ತು ಪೂರ್ತಿ ಓದೋದು ಕಷ್ಟ.

ಉಪದೇಶದ ಕತ್ತು ಹಿಸುಕಿದ್ದು ಆಲಿಸ್ ಇನ್ ವಂಡರ್‌ಲ್ಯಾಂಡ್. 1862ರ ಜುಲೈ 4ರಂದು ಆಕ್ಸ್‌ಫರ್ಡಿನ ಗಣಿತದ ಮೇಷ್ಟ್ರು ಚಾರ್ಲ್ಸ್ ಡಾಡ್ಜ್‌ಸನ್ ಮೂರು ಹುಡುಗೀರನ್ನ ದೋಣಿಯಲ್ಲಿ ಕೂರಿಸ್ಕೊಂಡು ಹೋಗ್ತಾ ಹೇಳಿದ ಕತೆ, 1865ರಲ್ಲಿ ಲೂಯಿಸ್ ಕ್ಯಾರಲ್ ಅನ್ನೋ ಹೆಸರಲ್ಲಿ ಪುಸ್ತಕ ಆಯ್ತು, ಇಷ್ಟು ಎಲ್ಲರಿಗೂ ಗೊತ್ತು. ಕಮ್ಮಿ ಜನಕ್ಕೆ ಗೊತ್ತಿರೋದು ಏನಂದ್ರೆ ಅಚ್ಚಿಗೆ ಕೊಡೋ ಮುಂಚೆ ಆ ಹಸ್ತಪ್ರತಿ ಹೋಗಿದ್ದು ಮ್ಯಾಕ್‌ಡೊನಾಲ್ಡ್ ಮನೆಗೆ. ಇಬ್ಬರಿಗೂ ಒಳ್ಳೆ ದೋಸ್ತಿ, ಡಾಡ್ಜ್‌ಸನ್‌ಗೆ ಉಗ್ಗು ಇತ್ತು, ಆ ಚಿಕಿತ್ಸೆ ಕೊಡ್ತಿದ್ದ ಡಾಕ್ಟರ್ ಮೂಲಕವೇ ಪರಿಚಯ. ಮನೆಯಾಕೆ ಮಕ್ಕಳನ್ನ ಸುತ್ತ ಕೂರಿಸ್ಕೊಂಡು ಓದಿದ್ಳು, ಆರು ವರ್ಷದ ಗ್ರೆವಿಲ್ ಅನ್ನೋ ಮಗ ಇದರದ್ದು ಅರವತ್ತು ಸಾವಿರ ಕಾಪಿ ಇರ್ಬೇಕಿತ್ತು ಅಂದ್ನಂತೆ. ಹುಡುಗನ ಅಂದಾಜು ತೀರಾ ಕಮ್ಮಿ ಆಯ್ತು.

ಆಲಿಸ್ ಒಳಗಡೆ ಏನು ನಡೀತಿದೆ ಅಂತ ಒಂದು ಉದಾಹರಣೆ ಸಾಕು. ಐಸಾಕ್ ವಾಟ್ಸ್ ಅನ್ನೋರ ಒಂದು ಪದ್ಯ ಆಗ ಇಂಗ್ಲೆಂಡಿನ ಪ್ರತೀ ಮಗುಗೂ ಬಾಯಿಪಾಠ, ಜೇನುಹುಳ ನೋಡು ಎಷ್ಟು ಕಷ್ಟಪಟ್ಟು ಕೆಲಸ ಮಾಡುತ್ತೆ, ನೀನೂ ಸೋಮಾರಿ ಆಗ್ಬೇಡ ಅಂತ. ಬಿಲದೊಳಗೆ ಬಿದ್ದ ಆಲಿಸ್ ಅದನ್ನ ಹೇಳಕ್ಕೆ ಹೋದ್ರೆ ಬಾಯಲ್ಲಿ ಬರೋದು ಮೊಸಳೆ ಪದ್ಯ, ನಗ್ತಾ ನಗ್ತಾ ಬಾಯಿ ತೆಗೆದು ಪುಟ್ಟ ಮೀನುಗಳನ್ನ ಒಳಗೆ ಕರ್ಕೊಳ್ಳೋ ಮೊಸಳೆ. ಆಮೇಲೆ ಡಚೆಸ್ ಅಂತ ಒಬ್ಳು ಬರ್ತಾಳೆ, ಯಾವ ಮಾತಾಡಿದ್ರೂ ಇದರಲ್ಲಿ ಒಂದು ನೀತಿ ಇದೆ ಅಂತ ಶುರು ಮಾಡ್ಕೊಳ್ತಾಳೆ, ನೀತಿಗಳೆಲ್ಲ ಅಡ್ಡಾದಿಡ್ಡಿ. ನೀತಿಪಾಠ ಇಲ್ಲದೆ ಮಕ್ಕಳ ಪುಸ್ತಕ ಬದುಕುತ್ತೆ ಅಂತ ತೋರಿಸಿಕೊಟ್ಟಿದ್ದೇ ಇದು, ಆಮೇಲೆ ಬಂದ ತುಂಟ ಪುಸ್ತಕಗಳೆಲ್ಲ ಇದೇ ಬಾಗಿಲಿಂದ ನುಗ್ಗಿದ್ದು. ಇದು ದೊಡ್ಡವರ ಸಾಹಿತ್ಯಕ್ಕೂ ಹೋಯ್ತು. ಆಲಿಸ್‌ನ ಎರಡನೇ ಪುಸ್ತಕದಲ್ಲಿ ಹಂಪ್ಟಿ ಡಂಪ್ಟಿ ಎರಡು ಪದ ಒಂದರೊಳಗೊಂದು ತುರುಕೋ ಆಟ ವಿವರಿಸ್ತಾನಲ್ಲ, ಐರಿಶ್ ಕಾದಂಬರಿಕಾರ ಜೇಮ್ಸ್ ಜಾಯ್ಸ್ 1939ರ ಫಿನೆಗನ್ಸ್ ವೇಕ್‌ನಲ್ಲಿ ಪುಸ್ತಕ ಪೂರ್ತಿ ಅದೇ ಆಟ ಆಡಿದಾನೆ, ಹಂಪ್ಟಿ ಡಂಪ್ಟಿಯೂ ಅಲ್ಲಲ್ಲಿ ಬಿದ್ದಿದಾನೆ. ಕಾದಂಬರಿಕಾರ ನಬೊಕೊವ್ 1923ರಲ್ಲಿ ಆಲಿಸ್‌ನ ರಷ್ಯನ್‌ಗೆ ಅನುವಾದ ಮಾಡಿದಾಗ ಆಲಿಸ್‌ಗೆ ಆನ್ಯಾ ಅಂತ ಹೆಸರಿಟ್ಟು, ವಾಟ್ಸ್ ಪದ್ಯದ ಜಾಗಕ್ಕೆ ರಷ್ಯನ್ ಮಕ್ಕಳು ಉರು ಹೊಡೀತಿದ್ದ ಪದ್ಯಗಳನ್ನೇ ಹಾಕಿ ಕೆಡಿಸಿದ, ಅದು ಸರಿಯಾದ ಕೆಲಸ, ಮೂಲ ಪದ್ಯ ಗೊತ್ತಿಲ್ಲದೆ ಅಣಕಕ್ಕೆ ಯಾರು ನಗ್ತಾರೆ. ಕನ್ನಡಕ್ಕೆ ಅವಳನ್ನ ಕರ್ಕೊಂಡು ಬಂದಿದ್ದು ನಾ. ಕಸ್ತೂರಿ, ಪಾತಾಳದಲ್ಲಿ ಪಾಪಚ್ಚಿ ಅಂತ. ಅನರ್ಥಕೋಶ ಬರೆದ ಮನುಷ್ಯ, ಪದಗಳ ಕಾಲೆಳೆಯೋದೇ ಕಸುಬು, ಇದಕ್ಕಿಂತ ಸರಿಯಾದ ಕೈಗೆ ಆಲಿಸ್ ಬೀಳೋ ಹಾಗಿರ್ಲಿಲ್ಲ.

ಆದ್ರೆ ಟೋಲ್ಕಿನ್‌ಗೆ ಆಲಿಸ್ ಬಗ್ಗೆ ಒಂದು ತಕರಾರು. 1939ರಲ್ಲಿ ಸೇಂಟ್ ಆಂಡ್ರೂಸ್ ಯೂನಿವರ್ಸಿಟಿಯಲ್ಲಿ ಯಕ್ಷಿಣಿ ಕತೆಗಳ ಮೇಲೆ ಒಂದು ಲೆಕ್ಚರ್ ಕೊಟ್ಟ, ಅದರಲ್ಲಿ ಆಲಿಸ್ ಕೊನೆಗೆ ನಿದ್ದೆಯಿಂದ ಎದ್ದುಬಿಡ್ತಾಳೆ, ಎಲ್ಲಾ ಕನಸು ಅಂದ್ಮೇಲೆ ಅದು ನಿಜವಾದ ಯಕ್ಷಿಣಿ ಕತೆ ಅಲ್ಲ ಅಂತ ವಾದ. ಕತೆಗಾರ ಒಂದು ಇನ್ನೊಂದು ಲೋಕ ಕಟ್ತಾನೆ, ನಾವು ಅದರೊಳಗೆ ಇರೋವರೆಗೂ ಅದು ನಿಜ ಅನ್ಸ್ಬೇಕು, ಹಾಗನ್ಸಬೇಕಾದ್ರೆ ಅಲ್ಲಿನ ಕಾನೂನು ಅಲ್ಲಿಗೆ ಸರಿಯಾಗಿ ನಡೀಬೇಕು ಅಂತಾನೆ. ಈಗಿನ ಫ್ಯಾಂಟಸಿ ಬರಹಗಾರರಿಗೆ ಇದು ಮಗ್ಗಿ ಇದ್ದಂಗೆ. ಆದ್ರೆ ಈ ಮಾತು ಅವನಿಗಿಂತ ಮುಂಚೆನೇ, 1893ರಲ್ಲಿ, ಮ್ಯಾಕ್‌ಡೊನಾಲ್ಡ್ ಒಂದು ಪ್ರಬಂಧದಲ್ಲಿ ಬರೆದಿಟ್ಟಿದ್ದ. ಹೊಸ ಲೋಕ ಹುಟ್ಟಿಸ್ಕೋ, ಅದಕ್ಕೆ ಏನು ಬೇಕಾದ್ರೂ ಕಾನೂನು ಮಾಡ್ಕೋ, ಆದ್ರೆ ಮಾಡಿದ್ಮೇಲೆ ಮುರೀಬೇಡ, ಮುರಿದ ಕ್ಷಣ ಓದುಗ ಆಚೆ ಬಂದ್ಬಿಡ್ತಾನೆ, ಇನ್ನು ಒಳ್ಳೇದು ಕೆಟ್ಟದ್ದು ಅನ್ನೋ ಕಾನೂನನ್ನ ಮಾತ್ರ ಬದಲಾಯಿಸೋ ಹಾಗಿಲ್ಲ. ಅದೇ ಪ್ರಬಂಧದಲ್ಲೇ ಇನ್ನೊಂದು ಮಾತೂ ಇದೆ, ನಾನು ಬರೆಯೋದು ಮಕ್ಕಳಿಗಲ್ಲ, ಮಗುವಿನ ಮನಸ್ಸು ಇರೋರಿಗೆ, ಅವ್ರಿಗೆ ಐದು ವರ್ಷ ಇರ್ಲಿ ಎಪ್ಪತ್ತೈದು ಇರ್ಲಿ ಅಂತ. ದೊಡ್ಡವರು ಹ್ಯಾರಿ ಪಾಟರ್ ಹಿಡ್ಕೊಂಡು ಮೆಟ್ರೋದಲ್ಲಿ ನಾಚಿಕೆ ಇಲ್ಲದೆ ಓದಕ್ಕೆ ಪರ್ಮಿಶನ್ ಕೊಟ್ಟವನು ಇವನೇ ಅನ್ನಬಹುದು.

ನಾರ್ನಿಯಾ ಅನ್ನೋ ಮಾಯಾಲೋಕದ ಮಕ್ಕಳ ಕತೆಗಳನ್ನ ಬರೆದ ಸಿ. ಎಸ್. ಲೂಯಿಸ್ ಕತೆ ಬೇರೆ, ಅವನದ್ದು ಜಗಳ ಅಲ್ಲ, ಪೂರ್ತಿ ಶರಣಾಗತಿ. 1916ರ ಮಾರ್ಚ್, ಹದಿನೇಳು ವರ್ಷದ ಹುಡುಗ, ದೇವರಲ್ಲಿ ನಂಬಿಕೆ ಇಲ್ಲ, ಲೆದರ್‌ಹೆಡ್ ಸ್ಟೇಷನ್‌ನಲ್ಲಿ ರೈಲು ಕಾಯ್ತಾ ಪುಸ್ತಕದ ಅಂಗಡಿಯಲ್ಲಿ ಒಂದು ಹಳೇ ಪುಸ್ತಕ ತಗೊಂಡ, ಮ್ಯಾಕ್‌ಡೊನಾಲ್ಡ್‌ನ ಫ್ಯಾಂಟಾಸ್ಟಿಸ್ (1858). ಎಷ್ಟೋ ವರ್ಷ ಆದ್ಮೇಲೆ ಆತ್ಮಕಥೆ ಬರೀತಾ ಅದು ಅಕ್ಟೋಬರ್ ಸಂಜೆ ಅಂತ ಬರ್ದಿದಾನೆ, ಆಗ ಗೆಳೆಯನಿಗೆ ಬರೆದ ಪತ್ರ ಮಾತ್ರ ಮಾರ್ಚಿನದ್ದು, ಅಷ್ಟು ಮುಖ್ಯವಾದ ದಿನವೂ ತಪ್ಪಾಗಿ ನೆನಪಿರುತ್ತೆ ನೋಡಿ. ಆ ರಾತ್ರಿ ನನ್ನ ಕಲ್ಪನೆಗೆ ಜ್ಞಾನಸ್ನಾನ ಆಯ್ತು ಅಂತ ಹೇಳ್ಕೊಂಡ. ಆಮೇಲೆ ಅವನನ್ನ ಗುರು ಅಂತ ಕರೆದ, 1945ರ ದಿ ಗ್ರೇಟ್ ಡಿವೋರ್ಸ್‌ನಲ್ಲಿ ಪರಲೋಕದಲ್ಲಿ ದಾರಿ ತೋರಿಸೋನಾಗಿ ಮ್ಯಾಕ್‌ಡೊನಾಲ್ಡ್‌ನನ್ನೇ ಪಾತ್ರ ಮಾಡಿದ, ಮುಂದಿನ ವರ್ಷ ಅವನ ಬರಹದ ಆಯ್ದ ಭಾಗಗಳ ಪುಸ್ತಕ ತಂದ. ಅಷ್ಟು ಭಕ್ತಿ ಇದ್ರೂ ಅದರ ಮುನ್ನುಡಿಯಲ್ಲಿ ಭಾಷೆಯ ಲೆಕ್ಕದಲ್ಲಿ ನೋಡಿದ್ರೆ ಇವನು ಮೊದಲ ದರ್ಜೆ ಲೇಖಕ ಅಲ್ಲ, ಎರಡನೇ ದರ್ಜೆಯೂ ಡೌಟು ಅಂತ ಬರೆದ! ನಾನು ಓದಿದಷ್ಟರಲ್ಲಿ ಇದು ನಿಜ, ಫ್ಯಾಂಟಾಸ್ಟಿಸ್ ಮಧ್ಯದಲ್ಲಿ ಬರೋ ಪದ್ಯಗಳನ್ನಂತೂ ನಾನು ಹಾರಿಸ್ಕೊಂಡೇ ಓದಿದ್ದು.

ಆದ್ರೆ ಆ ಪುಸ್ತಕದ ಶುರು ಇದೆಯಲ್ಲ, ಅದನ್ನ ಮರೆಯಕ್ಕಾಗಲ್ಲ. ಆನೊಡೋಸ್ ಅನ್ನೋನು ಬೆಳಿಗ್ಗೆ ಹಾಸಿಗೆಯಲ್ಲಿ ಎಚ್ಚರ ಆಗಿ ನೋಡಿದ್ರೆ ಮುಖ ತೊಳೆಯೋ ಬೋಗುಣಿ ತುಂಬಿ ಉಕ್ಕಿ ನೀರು ಕಾರ್ಪೆಟ್ ಮೇಲೆ ಹರೀತಿದೆ, ಕಾರ್ಪೆಟ್ಟಲ್ಲಿ ನೇಯ್ದಿದ್ದ ಹುಲ್ಲು ನಿಜವಾದ ಹುಲ್ಲಾಗಿ ಗಾಳಿಗೆ ಅಲ್ಲಾಡ್ತಿದೆ, ಮೇಜಿನ ಮೇಲೆ ಕೆತ್ತಿದ್ದ ಬಳ್ಳಿ ಚಿಗುರಿದೆ, ಅವನು ಬಟ್ಟೆ ಹಾಕ್ಕೊಂಡು ರೆಡಿ ಆಗೋಷ್ಟರಲ್ಲಿ ರೂಮು ಕಾಡಾಗಿದೆ. ಎಲ್ಲೂ ಹೋಗ್ಲೇ ಇಲ್ಲ ಅವನು, ಲೋಕವೇ ರೂಮಿಗೆ ಬಂತು. ಲೂಯಿಸ್‌ನ ನಾರ್ನಿಯಾದಲ್ಲಿ ಗೋಡೆ ಮೇಲಿನ ಹಡಗಿನ ಚಿತ್ರದಿಂದ ಸಮುದ್ರ ರೂಮಿಗೆ ನುಗ್ಗುತ್ತಲ್ಲ, ಅದು ಓದುವಾಗ ಈ ಬೋಗುಣಿ ನೆನಪಾಗದೆ ಇರಲ್ಲ. ಅಮೆರಿಕದ ಮಾರಿಸ್ ಸೆಂಡಾಕ್‌ನ 1963ರ ಚಿತ್ರಪುಸ್ತಕದಲ್ಲಿ ಊಟ ಇಲ್ಲದೆ ರೂಮಿಗೆ ಕಳಿಸಿದ ಮ್ಯಾಕ್ಸ್ ಅನ್ನೋ ತರಲೆಯ ಬೆಡ್‌ರೂಮಲ್ಲಿ ಮರ ಬೆಳೀತಾ ಬೆಳೀತಾ ಗೋಡೆ ಮಾಯ ಆಗುತ್ತೆ. ನಾಲ್ಕು ವರ್ಷ ಆದ್ಮೇಲೆ ಇದೇ ಸೆಂಡಾಕ್ ಮ್ಯಾಕ್‌ಡೊನಾಲ್ಡ್‌ನ ದಿ ಗೋಲ್ಡನ್ ಕೀ ಕತೆಗೆ ಚಿತ್ರ ಬರೆದ.

ಈ ಗೋಲ್ಡನ್ ಕೀ ಹಿಂದೆ ಇನ್ನೊಂದು ಕತೆ ಇದೆ. 1964ರಲ್ಲಿ ಒಬ್ಬ ಪ್ರಕಾಶಕರು ಅದರ ಹೊಸ ಮುದ್ರಣಕ್ಕೆ ಮುನ್ನುಡಿ ಬರೆದುಕೊಡಿ ಅಂತ ಟೋಲ್ಕಿನ್‌ನ ಕೇಳಿದ್ರು, ಅವನು ಹೂಂ ಅಂದ, ಚಿಕ್ಕಂದಿನ ಪ್ರೀತಿ ಅಲ್ವಾ. ಮತ್ತೆ ಓದಕ್ಕೆ ಕೂತ್ರೆ ಹಿಡಿಸ್ಲೇ ಇಲ್ಲ, ಬರವಣಿಗೆ ಕೆಟ್ಟದಾಗಿದೆ, ತಲೆಬುಡ ಇಲ್ಲ ಅನ್ನಿಸ್ತು. ಆದ್ರೂ ಯಕ್ಷಲೋಕ ಅಂದ್ರೆ ಏನು ಅಂತ ಓದುಗರಿಗೆ ವಿವರಿಸೋಣ ಅಂತ ಒಬ್ಬ ಅಡುಗೆಯವನು ಮಕ್ಕಳ ಪಾರ್ಟಿಗೆ ಕೇಕ್ ಮಾಡೋ ಪುಟ್ಟ ಉದಾಹರಣೆ ಶುರು ಮಾಡಿದ, ಕೇಕ್ ಉಬ್ಬಿತು, ಉದಾಹರಣೆನೇ ಕತೆ ಆಯ್ತು, ಮುನ್ನುಡಿ ಅಲ್ಲಿಗೇ ನಿಂತುಹೋಯ್ತು. 1967ರಲ್ಲಿ ಸ್ಮಿತ್ ಆಫ್ ವೂಟನ್ ಮೇಜರ್ ಅಂತ ಬಂದಿದ್ದು ಅದೇ. ಇಷ್ಟ ಇಲ್ಲದ ಪುಸ್ತಕವೂ ಒಬ್ಬನ ಕೈಲಿ ಕತೆ ಬರೆಸಿಬಿಡುತ್ತೆ.

ಕೆಲವು ಸಲ ಪುಸ್ತಕ ಮರೆತುಹೋಗಿರುತ್ತೆ, ಅದರ ಭಯ ಮಾತ್ರ ಉಳಿದಿರುತ್ತೆ. ಲೂಸಿ ಕ್ಲಿಫರ್ಡ್ ಅನ್ನೋಳು 1882ರಲ್ಲಿ ದಿ ನ್ಯೂ ಮದರ್ ಅಂತ ಒಂದು ಸಣ್ಣಕತೆ ಬರೆದ್ಳು. ಇಬ್ಬರು ಮಕ್ಕಳು ತುಂಟಾಟ ಬಿಡ್ಲಿಲ್ಲ ಅಂದ್ರೆ ನಾನು ಹೋಗ್ಬಿಡ್ತೀನಿ, ಹೊಸ ಅಮ್ಮ ಬರ್ತಾಳೆ, ಅವಳಿಗೆ ಗಾಜಿನ ಕಣ್ಣು, ಮರದ ಬಾಲ ಅಂತ ತಾಯಿ ಹೇಳ್ತಾಳೆ. ಹೆದರ್ಸಕ್ಕೆ ಹೇಳಿದ್ದು ಅಂತ ನಾವಂದ್ಕೊಂಡ್ರೆ ಅವಳು ನಿಜವಾಗ್ಲೂ ಹೋಗ್ತಾಳೆ, ಇವಳು ನಿಜವಾಗ್ಲೂ ಬರ್ತಾಳೆ. ನೀಲ್ ಗೇಮನ್‌ನ ಕೊರಲೈನ್ (2002) ಓದಿದವರಿಗೆ, ಬಾಗಿಲಾಚೆ ಕಣ್ಣಿನ ಜಾಗದಲ್ಲಿ ಗುಂಡಿ ಹೊಲ್ಕೊಂಡು ಕಾಯೋ ಇನ್ನೊಬ್ಳು ಅಮ್ಮನ್ನ ನೋಡಿದವರಿಗೆ, ಇವಳು ಯಾರ ನೆಂಟಳು ಅಂತ ಬಿಡಿಸಿ ಹೇಳ್ಬೇಕಾಗಿಲ್ಲ.

ನಮ್ಮಲ್ಲಿ ಶಾಲೆಗೆ ಹೋದವರಲ್ಲಿ ಬಹಳ ಜನ ಈ ವಿಕ್ಟೋರಿಯಾ ಕಾಲದ ಕತೆ ಒಂದನ್ನ ಗೊತ್ತಿಲ್ದೇ ಬಾಯಿಪಾಠ ಮಾಡಿದ್ದಾರೆ. 1842ರಲ್ಲಿ ಪ್ರಕಟವಾದ ಬ್ರೌನಿಂಗ್‌ನ ಪೈಡ್ ಪೈಪರ್ ಪದ್ಯ, ಹುಷಾರಿಲ್ಲದೆ ಮಲಗಿದ್ದ ಒಬ್ಬ ನಟನ ಮಗನಿಗೆ ಚಿತ್ರ ಬರ್ಕೊಂಡು ಹೊತ್ತು ಕಳೀಲಿ ಅಂತ ಬರೆದಿದ್ದು. 1920ರ ದಶಕದಲ್ಲಿ ಅದು ಕುವೆಂಪು ಅವ್ರ ಕೈಗೆ ಸಿಕ್ತು, ಜರ್ಮನಿಯ ಹ್ಯಾಮೆಲಿನ್ ಬೊಮ್ಮನಹಳ್ಳಿ ಆಯ್ತು, ಅಲ್ಲಿನ ನದಿ ತುಂಗೆ ಆಯ್ತು, ಮೇಯರ್ ಗೌಡ ಆದ, ಪೀಪಿಯವನು ಕಿಂದರಿ ಜೋಗಿ ಆದ. ಬ್ರೌನಿಂಗ್ ಇಲಿಗಳನ್ನೂ ಅಪ್ಪ ಅಮ್ಮ ಚಿಕ್ಕಪ್ಪ ಅಂತ ಸಂಸಾರ ಸಮೇತ ಓಡಿಸ್ತಾನೆ, ಆದ್ರೆ ಅಣ್ಣಿಲಿ ತಮ್ಮಿಲಿ ಅವ್ವಿಲಿ ಅಪ್ಪಿಲಿ ಅಂತ ಕೂಡಿಸಿದಾಗ ಬರೋ ಆ ಓಟ ಕನ್ನಡಕ್ಕೆ ಮಾತ್ರ ಸಾಧ್ಯ, ಮೂಲ ಓದಿದಾಗ ನನಗೆ ಅದೇ ಸಪ್ಪೆ ಅನ್ನಿಸ್ತು. ಅಂದಹಾಗೆ ಟೋಲ್ಕಿನ್‌ಗೆ ಚಿಕ್ಕಂದಿನಲ್ಲೇ ಬ್ರೌನಿಂಗ್‌ನ ಆ ಪದ್ಯ ಆಗ್ತಿರ್ಲಿಲ್ಲ. ಪಾಪ, ಕನ್ನಡ ಬರ್ತಿರ್ಲಿಲ್ಲ.

ಇನ್ನು ಎಡಿತ್ ನೆಸ್ಬಿಟ್. ಅವಳ ದೊಡ್ಡ ಫ್ಯಾಂಟಸಿ ಪುಸ್ತಕ ಬಂದಿದ್ದು 1902ರಲ್ಲಿ, ರಾಣಿ ತೀರ್ಕೊಂಡು ಒಂದು ವರ್ಷ ಕಳೆದಿತ್ತು, ಹಾಗಾಗಿ ಕಟ್ಟುನಿಟ್ಟಾಗಿ ಹೇಳಿದ್ರೆ ಇವಳು ಈ ಲೆಕ್ಕಕ್ಕೆ ಬರಲ್ಲ, ಆದ್ರೆ ಹುಟ್ಟಿದ್ದು 1858, ಬರೆಯೋದು ಕಲ್ತಿದ್ದೆಲ್ಲ ವಿಕ್ಟೋರಿಯಾ ಕಾಲದಲ್ಲಿ, ಬಿಟ್ಟು ಮುಂದಕ್ಕೆ ಹೋಗಕ್ಕಾಗಲ್ಲ. ಮ್ಯಾಕ್‌ಡೊನಾಲ್ಡ್‌ಗೆ ಮಾಯೆ ಅಂದ್ರೆ ಪವಿತ್ರ, ಇವಳಿಗೆ ಮಾಯೆ ಅಂದ್ರೆ ತಲೆನೋವು. ಐದು ಜನ ಮಕ್ಕಳಿಗೆ ಮರಳುಗುಂಡಿಯಲ್ಲಿ ಒಂದು ಸಿಡುಕು ಪ್ರಾಣಿ ಸಿಗುತ್ತೆ, ದಿನಕ್ಕೊಂದು ಆಸೆ ಪೂರೈಸುತ್ತೆ, ಸೂರ್ಯ ಮುಳುಗಿದ್ರೆ ಎಲ್ಲಾ ಮುಗೀತು. ತುಂಬಾ ಚೆಂದ ಆಗ್ಬೇಕು ಅಂತ ಕೇಳ್ಕೊಂಡ್ರೆ ಮನೆ ಕೆಲಸದವಳಿಗೆ ಗುರುತೇ ಸಿಗದೆ ಬಾಗಿಲು ಹಾಕ್ತಾಳೆ, ಊಟ ಇಲ್ಲ. ಗುಂಡಿ ತುಂಬಾ ಚಿನ್ನದ ನಾಣ್ಯ ಕೇಳಿದ್ರೆ ಸಿಗೋದು ಹಳೇ ಕಾಲದ ನಾಣ್ಯ, ಯಾವ ಅಂಗಡಿಯವನೂ ತಗೊಳಲ್ಲ, ಕೊನೆಗೆ ಪೊಲೀಸ್ ಸ್ಟೇಷನ್ನು. ಮಾಯೆಗೆ ಒಂದು ನಿಯಮ, ನಿಯಮದಲ್ಲಿ ಒಂದು ತೊಡಕು, ತೊಡಕಿಂದ ಕತೆ. ಈ ಫಾರ್ಮುಲಾ ಇವಳದ್ದೇ. ಅಮೆರಿಕದ ಎಡ್ವರ್ಡ್ ಈಗರ್ 1954ರಲ್ಲಿ ಇದನ್ನೇ ಇನ್ನೂ ಒಂದು ತಿರುವು ತಿರುಗಿಸಿ, ಕೇಳಿದ್ದರಲ್ಲಿ ಅರ್ಧ ಮಾತ್ರ ಕೊಡೋ ನಾಣ್ಯದ ಕತೆ ಬರೆದ, ಅದರಲ್ಲಿನ ಮಕ್ಕಳು ಲೈಬ್ರರಿಯಿಂದ ನೆಸ್ಬಿಟ್ ತಂದು ಓದೋರು. ಹ್ಯಾರಿ ಪಾಟರ್ ಬರೆದ ರೌಲಿಂಗ್ ಕೂಡ ತನಗೆ ಹತ್ತಿರ ಅನ್ನಿಸೋ ಲೇಖಕಿ ಅಂತ ನೆಸ್ಬಿಟ್ ಹೆಸರು ಹೇಳಿದಾಳೆ.

ನೆಸ್ಬಿಟ್ ಒಂದು ಚಿಕ್ಕ ಕತೆಯಲ್ಲಿ ಶಿಕ್ಷೆಗೆ ಅಂತ ಒಂದು ಹುಡುಗಿಯನ್ನ ನೆಂಟರು ಮಲಗೋ ರೂಮಲ್ಲಿ ಕೂಡಿಹಾಕ್ತಾರೆ. ಅಲ್ಲಿ ಅವಳಿಗೆ ಒಂದು ರೈಲ್ವೆ ಟೈಮ್‌ಟೇಬಲ್ ಸಿಗುತ್ತೆ, ಅದರಲ್ಲಿ ಒಂದು ಸ್ಟೇಷನ್ ಹೆಸರು ಬಿಗ್‌ವಾರ್ಡ್‌ರೋಬ್‌ಇನ್‌ಸ್ಪೇರ್‌ರೂಮ್, ಅಂದ್ರೆ ಆ ರೂಮಿನ ದೊಡ್ಡ ಬೀರುನೇ. ಬೀರು ಬಾಗಿಲು ತೆಗೆದ್ರೆ ಸ್ಟೇಷನ್, ರೈಲು, ಬೇರೆ ಲೋಕ. ನೆಸ್ಬಿಟ್ ಓದ್ಕೊಂಡೇ ಬೆಳೆದ ಲೂಯಿಸ್ 1950ರಲ್ಲಿ ನಾರ್ನಿಯಾ ಕತೆಯ ಲೂಸಿ ಅನ್ನೋ ಹುಡುಗಿಯನ್ನ ಬೀರು ಒಳಗೆ ಕಳಿಸಿದ, ತುಪ್ಪಳದ ಕೋಟುಗಳ ಮಧ್ಯೆ ತೂರ್ಕೊಂಡು ಹೋದ್ರೆ ಕಾಲ ಕೆಳಗೆ ಹಿಮ. ಆಚೆ ಕಡೆ ಸಿಕ್ಕಿದ ಟಮ್ನಸ್ ಅನ್ನೋ ಆಡಿನ ಕಾಲಿನ ಜೀವಿ ಅವಳ ಮಾತು ತಪ್ಪಾಗಿ ಕೇಳಿಸ್ಕೊಂಡು ಓಹೋ ನೀನು ಸ್ಪೇರ್ ಊಮ್ ದೇಶದ ವಾರ್ ಡ್ರೋಬ್ ಪಟ್ಟಣದವಳಾ ಅಂತಾನೆ.

ಆ ಬೀರು ಅಲ್ಲಿಗೇ ಮುಚ್ಚಲಿಲ್ಲ. ಇಂಗ್ಲಿಷ್ ಲೇಖಕ ಫಿಲಿಪ್ ಪುಲ್‌ಮನ್‌ಗೆ ನಾರ್ನಿಯಾ ಕಂಡ್ರೆ ಆಗಲ್ಲ, 1998ರಲ್ಲಿ ಗಾರ್ಡಿಯನ್ ಪತ್ರಿಕೆಯಲ್ಲಿ ಅದನ್ನ ಹಿಗ್ಗಾಮುಗ್ಗಾ ಬೈದು ಬರೆದ, ಸೂಸನ್ ಅನ್ನೋ ಹುಡುಗಿ ಬೆಳೆದು ಲಿಪ್‌ಸ್ಟಿಕ್ ಹಚ್ಕೊಳ್ಳಕ್ಕೆ ಶುರು ಮಾಡಿದ್ಳು ಅಂತ ಅವಳನ್ನ ನಾರ್ನಿಯಾದಿಂದ ಆಚೆ ಇಟ್ಟಿದ್ದು ಅವನಿಗೆ ತಡೆಯಕ್ಕಾಗ್ಲಿಲ್ಲ. ಆದ್ರೆ ಅದಕ್ಕೂ ಮೂರು ವರ್ಷ ಮುಂಚೆ, 1995ರಲ್ಲಿ, ಅವನ ನಾರ್ದರ್ನ್ ಲೈಟ್ಸ್ ಬಂದಾಗ ಅದರ ಮೊದಲ ಅಧ್ಯಾಯದಲ್ಲೇ ಲೈರಾ ಅನ್ನೋ ಹುಡುಗಿ ಆಕ್ಸ್‌ಫರ್ಡಿನ ಒಂದು ಕಾಲೇಜಲ್ಲಿ, ಹೋಗಬಾರದ ರೂಮಿಗೆ ಹೋಗಿ, ಯಾರೋ ಬರೋ ಸದ್ದಾಗಿ ಬಚ್ಚಿಟ್ಕೊಳ್ಳೋದು ಒಂದು ಬೀರುವಿನೊಳಗೆ. ಒಳಗೆ ಮೇಷ್ಟ್ರುಗಳ ಗೌನುಗಳು ನೇತಾಡ್ತಿದಾವೆ, ಕೆಲವಕ್ಕೆ ತುಪ್ಪಳ ಬೇರೆ ಇದೆ. ಹಿಂದೆ ಹಿಮ ಇಲ್ಲ, ಕಾಡಿಲ್ಲ, ಬರೀ ಹಲಗೆ. ಅವಳು ಬಾಗಿಲ ಸಂದಿಗೆ ಕಣ್ಣಿಟ್ಟು ರೂಮಲ್ಲಿ ದೊಡ್ಡವರು ಏನು ಮಾಡ್ತಿದಾರೆ ಅಂತ ನೋಡ್ತಾಳೆ.